ನೀಲಿ ಅಂದವರು ಬಿಡ್ತು ಅನ್ನಬೇಕು

ನಮ್ಮ ಮನೆಯಲ್ಲಿ ನೀಲಿ ಎಂಬ ಮಾತನ್ನು ಯಾರೂ ಆಡದೆ ಇದ್ದ ಕಾಲವೊಂದಿತ್ತು. ಆಡಬಾರದೆಂದು ಅಪ್ಪಣೆ ಕೊಟ್ಟವರು ನಮ್ಮ ಅತ್ತೆ. ಮೊದಮೊದಲು ನಾನು ಒಳಗೊಳಗೇ ನಕ್ಕೆ. ನಗುವ ಸ್ಥಿತಿಯೇನೂ ನನ್ನದಾಗಿರಲಿಲ್ಲ. ಆದರೆ ನನ್ನ ಸ್ವಭಾವವೇ ಅಂಥದ್ದು. ಹೆದರಿಕೆಯಾದರೆ ಯಾರ ಮೇಲಾದರೂ ಹರಿಹಾಯಬೇಕು, ಇಲ್ಲವೇ ನಗಬೇಕು. ಸುಮ್ಮನೆ ಕೂತು ಹೆದರುವುದು ನನಗೆ ಬರುವುದಿಲ್ಲ.

ಆ ಮಾತಿನೊಂದಿಗೆ ನನ್ನದು ಹಳೆಯ ನಂಟು. ತವರು ಜಗಳೂರು ಕಡೆ. ಅಲ್ಲಿ ನೀಲಿ ಅಂದರೆ ಗಿಡ. ಯಾರೂ ನೀರು ಹಾಕದಿದ್ದರೂ ಹೊಲದ ಬದುವಿನಲ್ಲಿ ಮೊಣಕಾಲೆತ್ತರ ಬೆಳೆದು ನಿಲ್ಲುತ್ತದೆ. ನಮ್ಮವ್ವ ಅದರ ಸೊಪ್ಪು ಅರೆದು, ರಸ ಹಿಂಡಿ, ಕೊಬ್ಬರಿ ಎಣ್ಣೆಯಲ್ಲಿ ಕಾಯಿಸಿ ನಮ್ಮ ತಲೆಗೆ ತಿಕ್ಕುತ್ತಿದ್ದಳು. ಎಲೆ ಹಸಿರಾಗಿದೆ, ಹೆಸರು ಮಾತ್ರ ಯಾಕೆ ನೀಲಿ ಎಂದು ಒಮ್ಮೆ ಕೇಳಿದ್ದೆ. ಅವಳು ಒಂದು ಹಿಡಿ ಸೊಪ್ಪನ್ನು ನನ್ನ ಅಂಗೈಯಲ್ಲಿ ಹಿಸುಕಿ, ಕೈ ಬಿಚ್ಚಿ ಇಟ್ಟುಕೊಂಡು ಕೂರು ಅಂದಳು. ಸ್ವಲ್ಪ ಹೊತ್ತಿಗೆ ಹಸಿರು ಕಪ್ಪಾಗಿ, ಅಂಗೈಯ ಗೆರೆಗಳಲ್ಲೆಲ್ಲ ನೀಲಿ ಕೂತಿತ್ತು. ಗಾಳಿ ಸೋಕಿದರೆ ಒಳಗಿದ್ದ ಬಣ್ಣ ಹೊರಗೆ ಬರುತ್ತದೆ ಎಂದು ಅವ್ವ ಹೇಳಿದಳು. ಎರಡು ದಿನ ಆ ಕೈಯನ್ನು ಎಲ್ಲರಿಗೂ ತೋರಿಸಿಕೊಂಡು ತಿರುಗಿದೆ.

ಮದುವೆಯಾಗಿ ಚನ್ನಗಿರಿಗೆ ಬಂದರೆ, ಇಲ್ಲಿ ಅದೇ ಮಾತು ಬೇರೆಯೇ ಆಗಿತ್ತು. ಮಾವ ಅಡಿಕೆ ವ್ಯಾಪಾರದವರು. ಬಿಳಿ ಪಂಚೆ, ಬಿಳಿ ಅಂಗಿ ಬಿಟ್ಟರೆ ಬೇರೆ ತೊಟ್ಟವರಲ್ಲ. ಅತ್ತೆಗೆ ನೀಲಿ ಅಂದರೆ ಬಟ್ಟೆ ಜಾಲಿಸುವ ಕೊನೆಯ ಬಕೆಟ್ಟಿಗೆ ಹಾಕುವ ನಾಲ್ಕು ಹನಿ. ಆ ನಾಲ್ಕು ಹನಿಯಲ್ಲೇ ಅವರ ಮರ್ಯಾದೆಯೆಲ್ಲ ಇತ್ತು. ನಮ್ಮ ಓಣಿಯಲ್ಲಿ ಮಾವನ ಪಂಚೆಯಷ್ಟು ಬೆಳ್ಳಗಿನ ಪಂಚೆ ಇನ್ನೊಂದಿರಲಿಲ್ಲ. ಬಂದ ಹೊಸದರಲ್ಲಿ ನನ್ನ ಕೈಗೆ ಆ ಸೀಸೆ ಕೊಟ್ಟು ತಪ್ಪು ಮಾಡಿದರು. ನಾನು ಧಾರಾಳವಾಗಿ ಸುರಿದೆ. ಪಂಚೆ ಆಕಾಶವಾಯಿತು. ಮಾವ ಅದನ್ನೇ ಉಟ್ಟು ಅಡಿಕೆ ಮಂಡಿಗೆ ಹೋದರು. ನಿಮ್ಮೂರಲ್ಲಿ ನೀಲಿಯನ್ನು ಕೊಡಗಟ್ಟಲೆ ಸುರಿಯುತ್ತಾರೇನು ಎಂದು ಅತ್ತೆ ಬಹಳ ದಿನ ನನ್ನನ್ನು ಕಾಡಿದರು.

ಅತ್ತೆಯ ಅಕ್ಕ ಹೊನ್ನಾಳಿಯಲ್ಲಿದ್ದಾರೆ. ಅವರ ಮನೆಯಲ್ಲಿ ನೀಲಿ ಅಂದರೆ ಹತ್ತಿ ಅದ್ದಿ ಬಾಯಿಹುಣ್ಣಿಗೆ ಹಚ್ಚುವ ಔಷಧಿ. ಆ ಹೆಸರು ಹೇಳಿದರೆ ಸಾಕು, ಮಕ್ಕಳು ಮಂಚದ ಕೆಳಗೆ ನುಗ್ಗುತ್ತಿದ್ದವು. ಇನ್ನು ನನಗೋ, ನೀಲಿ ಅಂದರೆ ಅನ್ನ. ಬಸ್ ನಿಲ್ದಾಣದ ಹಿಂದಿನ ಬೀದಿಯಲ್ಲಿ ನನ್ನದೊಂದು ಬ್ಯೂಟಿ ಪಾರ್ಲರ್ ಇದೆ. ನರೆಗೂದಲಿಗೆ ಮೊದಲು ಮೆಹೆಂದಿ ಹಚ್ಚಬೇಕು, ತೊಳೆದು ಅದರ ಮೇಲೆ ನೀಲಿ ಸೊಪ್ಪಿನ ಪುಡಿ ಕಲಸಿ ಹಚ್ಚಬೇಕು. ಮೆಹೆಂದಿಯ ಕೆಂಪು, ನೀಲಿ ಎರಡೂ ಸೇರಿ ಕೂದಲು ಕಪ್ಪಾಗುತ್ತದೆ. ಅವ್ವನ ಬದುವಿನ ಗಿಡ ಪ್ಯಾಕೆಟ್ಟಿನಲ್ಲಿ ಕೂತು ನನ್ನ ಅಂಗಡಿಗೇ ಬಂತಲ್ಲ ಎಂದು ನನಗೆ ಖುಷಿಯಿತ್ತು.

ಆಮೇಲೆ ಮಗಳು ಹುಟ್ಟಿದಳು. ಕೆಲವು ತಿಂಗಳು ಕಳೆದ ಮೇಲೆ, ಒಂದು ಬೆಳಿಗ್ಗೆ ಹಸಿದು ಜೋರಾಗಿ ಅತ್ತಾಗ ಅವಳ ತುಟಿಯ ಬಣ್ಣ ನನಗೆ ಸರಿ ಕಾಣಲಿಲ್ಲ. ಚಳಿಗಿರಬೇಕು ಅಂದುಕೊಂಡೆ. ಮರುದಿನವೂ ಹಾಗೇ ಆಯಿತು. ದಾವಣಗೆರೆಯಲ್ಲಿ ತೋರಿಸಿದೆವು. ಹೃದಯದಲ್ಲಿ ತೂತಿದೆ, ರಕ್ತ ಶ್ವಾಸಕೋಶಕ್ಕೆ ಹೋಗುವ ದಾರಿಯೂ ಇಕ್ಕಟ್ಟಾಗಿದೆ, ಆಪರೇಷನ್ ಆಗಲೇಬೇಕು, ಕೂಸಿಗೆ ಇನ್ನಷ್ಟು ತೂಕ ಬರಲಿ ಎಂದರು ಡಾಕ್ಟರು. ಅಲ್ಲಿಯವರೆಗೆ ಕೂಸನ್ನು ಅಳಲು ಬಿಡಬೇಡಿ, ಅತ್ತು ತುಟಿ, ಉಗುರು ನೀಲಿಗಟ್ಟಿದರೆ ಅವಳ ಮೊಣಕಾಲನ್ನು ಎದೆಗೆ ಒತ್ತಿ ಹಿಡಿದುಕೊಂಡು ತಕ್ಷಣ ಹತ್ತಿರದ ಆಸ್ಪತ್ರೆಗೆ ಒಯ್ಯಿರಿ, ತಡ ಮಾಡಿದರೆ ಜೀವಕ್ಕೇ ಅಪಾಯ ಎಂದು ಬಿಡಿಸಿ ಹೇಳಿದರು. ಅವ್ವನ ಗಿಡಕ್ಕೆ ಗಾಳಿ ಸೋಕಿದರೆ ನೀಲಿ, ನನ್ನ ಕೂಸಿಗೆ ಗಾಳಿ ಸಾಲದಿದ್ದರೆ ನೀಲಿ. 

ಮನೆಗೆ ಬಂದವರೇ ಅತ್ತೆ ನೇರ ಬಚ್ಚಲಿಗೆ ಹೋಗಿ ನೀಲಿಯ ಸೀಸೆಯನ್ನು ಮೋರಿಗೆ ಬಗ್ಗಿಸಿದರು. ಹೊರಗೆ ಬಂದು ನಮ್ಮೆಲ್ಲರನ್ನೂ ನಿಲ್ಲಿಸಿಕೊಂಡು ಹೇಳಿದರು. "ಇನ್ಮ್ಯಾಲೆ ಈ ಮನ್ಯಾಗೆ ಆ ಹೆಸರು ಎತ್ತಬ್ಯಾಡ್ರಿ. ಬಾಯಿ ತಪ್ಪಿ ಅಂದ್ರೂ ಬಿಡ್ತು ಅನ್ರಿ."

ಅಪಶಕುನದ ಮಾತು ಬಾಯಿಗೆ ಬಂದರೆ ಬಿಡ್ತು ಅನ್ನುವುದು ನಮ್ಮ ಕಡೆ ಇದ್ದದ್ದೇ. ಸಾವಿನ ಮಾತಿಗೆ ಅನ್ನುತ್ತಾರೆ, ಬೆಂಕಿಯ ಮಾತಿಗೆ ಅನ್ನುತ್ತಾರೆ. ಒಂದು ಬಣ್ಣಕ್ಕೆ ಬಿಡ್ತು ಅನ್ನುವ ಮನೆ ನಮ್ಮದೊಂದೇ ಇರಬೇಕು. ಇವರು ಬಾಯಿ ಮುಚ್ಚಿಸಿದರೆ ಹೃದಯದ ತೂತು ಮುಚ್ಚುತ್ತದೆಯೇ ಎಂದು ಗಂಡನ ಹತ್ತಿರ ರೇಗಿದೆ. ಅವರು ಕೂಸಿನ ಕೈ ಹಿಡಿದು ಉಗುರು ನೋಡುತ್ತಿದ್ದರು.

ಅಲ್ಲಿಂದ ಆ ಉಗುರು ನೋಡುವುದೇ ನಮ್ಮ ಕಸುಬಾಯಿತು. ಕಿಟಕಿಯ ಬೆಳಕಿಗೆ ಹಿಡಿದು ನೋಡುವುದು, ಅನುಮಾನ ಬಂದು ಅಂಗಳಕ್ಕೆ ಒಯ್ದು ನೋಡುವುದು. ಬಿಳಿ ಬಲ್ಬಿನಲ್ಲಿ ಎಲ್ಲರ ತುಟಿಯೂ ಬಣ್ಣಗೆಟ್ಟಂತೆ ಕಾಣುತ್ತದೆ ಎಂದು ಮಾವ ಮನೆಯ ಬಲ್ಬುಗಳನ್ನೆಲ್ಲ ತೆಗೆಸಿ ಹಳದಿಯವು ಹಾಕಿಸಿದರು. ಅಡಿಕೆ ಒಣಗಿಸುವ ಕಣದಲ್ಲಿ ಒಮ್ಮೆ ಮಳೆ ಬಂತೆಂದು ಟಾರ್ಪಾಲಿನ ಕೆಳಗೆ ನಿಂತೆವು. ಕೂಸು ನನ್ನ ಕಂಕುಳಲ್ಲಿತ್ತು. ತಿರುಗಿ ನೋಡಿದರೆ ಅದರ ಮುಖ, ಕೈ, ಕಾಲು ಎಲ್ಲ ನೀಲಿ.  ಟಾರ್ಪಾಲಿನ ಬಣ್ಣ ಬಿದ್ದು ಅಲ್ಲಿ ನಿಂತಿದ್ದವರೆಲ್ಲರ ಮುಖವೂ ನೀಲಿಯಾಗಿದ್ದದ್ದು ನನಗೆ ಕಾಣಲೇ ಇಲ್ಲ. ಕೂಸನ್ನು ಅಪ್ಪಿಕೊಂಡು ಮಳೆಗೇ ಓಡಿದೆ. ಮಳೆಯಲ್ಲಿ ನೆನೆಯುತ್ತ ನಿಂತು ನೋಡಿದರೆ ತುಟಿ ಎಂದಿನಂತೆಯೇ ಇತ್ತು, ಅದು ನಗುತ್ತಿತ್ತು. ಮರುದಿನವೇ ಮಾವ ಆ ಟಾರ್ಪಾಲು ಯಾರಿಗೋ ಕೊಟ್ಟು ಹಳದಿಯದು ತಂದರು.

ಅವರ ಪಂಚೆಗಳು ಬರಬರುತ್ತ ಹಳದಿಗೆ ತಿರುಗಿದವು. ಮಂಡಿಯಲ್ಲಿ ಯಾರೋ, ಯಾಕ್ರಿ, ಮನೆಯವರಿಗೆ ಹುಷಾರಿಲ್ಲವೇ ಎಂದು ಕೇಳಿದರಂತೆ. ಮಾವ ಹೂಂ ಅಂದು ಬಂದರಂತೆ. ಅತ್ತೆ ಅದನ್ನು ಕೇಳಿಯೂ ಕೇಳದವರಂತೆ ಸೊಪ್ಪು ಸೋಸುತ್ತ ಕೂತಿದ್ದರು. ಬಿಳುಪಿಗಾಗಿ ಅಷ್ಟು ಜಂಬಪಟ್ಟ ಹೆಂಗಸು ಹಾಗೆ ಕೂತದ್ದು ಕಂಡ ಮೇಲೆ ನನ್ನ ನಗು ನಿಂತಿತು. ನಿಂತದ್ದಷ್ಟೇ ಅಲ್ಲ, ಅತ್ತೆಯ ಕಿವಿಗೆ ಬೀಳದ ನನ್ನ ಅಂಗಡಿಯಲ್ಲೂ ನನಗೆ ಆ ಮಾತು ಹೊರಡದಾಯಿತು. ಗಿರಾಕಿಗಳಿಗೆ "ಎರಡನೇ ಪುಡಿ" ಅನ್ನುತ್ತಿದ್ದೆ. ಅವರಿಗೆ ಅರ್ಥವಾಗದೆ ಪ್ಯಾಕೆಟ್ಟು ನೋಡಿ, ಓ ನೀಲಿನಾ ಅನ್ನುವರು. ನಾನು ಬಾಯೊಳಗೆ ಬಿಡ್ತು ಅನ್ನುವೆ.

ಅಳಬಾರದ ಕೂಸನ್ನು ಸಾಕುವುದು ಹೇಗಿರುತ್ತದೆ ಎಂದು ಸಾಕಿದವರಿಗೇ ಗೊತ್ತು. ಕೇಳಿದ್ದು ಕೇಳುವ ಮೊದಲೇ ಕೈಗೆ ಬರಬೇಕು. ಮಾವ ಕುದುರೆಯಾದರು, ಎತ್ತಾದರು, ಬಸ್ಸೂ ಆದರು. ನಡೆಯಲು ಕಲಿತಳು, ನಾಲ್ಕು ಹೆಜ್ಜೆಗೆ ಕುಕ್ಕರುಗಾಲಿನಲ್ಲಿ ಕೂತು ಸುಧಾರಿಸಿಕೊಳ್ಳಲೂ ಕಲಿತಳು. ಮಾತು ಕಲಿತಳು, ಬಣ್ಣಗಳನ್ನೂ ಕಲಿತಳು. ಕೆಂಪು, ಹಸಿರು, ಹಳದಿ. ಆ ಒಂದು ಬಣ್ಣ ಎದುರಾದಾಗ ಮಾತ್ರ ನಾವು ಮಾತು ಮರೆಸುತ್ತಿದ್ದೆವು. ಒಂದು ದಿನ ಎದುರುಮನೆಯ ಗೇಟು ತೋರಿಸಿ, ಅಮ್ಮ, ಬಿಡ್ತು ಬಣ್ಣ ಅಂದಳು. ಆ ಬಣ್ಣ ಬಂದಾಗಲೆಲ್ಲ ದೊಡ್ಡವರು ಬಿಡ್ತು ಅಂದದ್ದನ್ನು ಕೇಳಿ, ಅದರ ಹೆಸರೇ ಅದು ಅಂದುಕೊಂಡಿದ್ದಳು. ಹೊಟ್ಟೆ ಹಿಡಿದುಕೊಂಡು ನಕ್ಕೆ. ಒಳಗೆ ಹೋಗಿ ಅತ್ತುಬಿಟ್ಟೆ.

ಅವಳಿಗೆ ಮೂರು ತುಂಬಿತ್ತು. ಬೆಂಗಳೂರಿನಲ್ಲಿ ಆಪರೇಷನ್ನಿಗೆ ದಿನ ಗೊತ್ತಾಗಿತ್ತು, ಇನ್ನೊಂದು ತಿಂಗಳು ಕಳೆದರೆ ಸಾಕಿತ್ತು. ಮಧ್ಯಾಹ್ನ ಅಂಗಡಿಯಲ್ಲಿದ್ದೆ. ಸವಳಂಗದಿಂದ ಬರುವ ಒಬ್ಬ ಟೀಚರಮ್ಮನ ತಲೆಗೆ ಎರಡನೇ ಪುಡಿ ಹಚ್ಚುತ್ತಿದ್ದೆ. ಗ್ಲೌಸು ಹರಿದಿತ್ತು, ಆಗಲಿ ಬಿಡು ಎಂದು ಬರಿಗೈಯಲ್ಲೇ ಹಚ್ಚುತ್ತಿದ್ದೆ. ಫೋನು ಬಡಿದುಕೊಂಡಿತು. ಅತ್ತೆ. ಅಂಗಡಿಯ ಹೊತ್ತಿನಲ್ಲಿ ಅವರು ಎಂದೂ ಫೋನು ಮಾಡಿದವರಲ್ಲ.

"ಕೂಸು ನೀಲಿ ಆಗೈತವ್ವ," ಅಂದರು.

ನಾನು ಬಿಡ್ತು ಎಂಬ ಮಾತಿಗೆ ಕಾದೆ. ಅದು ಬರಲಿಲ್ಲ. ಎರಡೂವರೆ ವರ್ಷ ಆ ಹೆಸರೆತ್ತದಿದ್ದ ಬಾಯಿ ಅದೊಂದನ್ನೇ ಹೇಳಿ ನಿಂತಿತ್ತು. ಬೇರೆ ಏನನ್ನೂ ಕೇಳಬೇಕೆನಿಸಲಿಲ್ಲ. ಅರ್ಧ ಬಣ್ಣದ ತಲೆಯನ್ನು ಹಾಗೇ ಬಿಟ್ಟು, ಚಪ್ಪಲಿ ಮೆಟ್ಟದೆ, ಗಂಡನಿಗೆ ಕಾರು ತನ್ನಿ ಎಂದು ಫೋನಿನಲ್ಲಿ ಕೂಗುತ್ತ ಮನೆಗೆ ಓಡಿದೆ. ಬೀದಿಯಲ್ಲಿ ಯಾರಾರು ಏನು ಕೇಳಿದರೋ ಗೊತ್ತಿಲ್ಲ. 

ಅತ್ತೆ ಪಡಸಾಲೆಯಲ್ಲಿ ಕೂತಿದ್ದರು. ಡಾಕ್ಟರು ಹೇಳಿದ್ದಂತೆಯೇ ಕೂಸಿನ ಮೊಣಕಾಲುಗಳನ್ನು ಅದರ ಎದೆಗೆ ಒತ್ತಿ, ತಮ್ಮ ಎದೆಗೆ ಅಪ್ಪಿ ಹಿಡಿದಿದ್ದರು. ರೊಟ್ಟಿ ಚೂರನ್ನು ಕಾಗೆ ಕಿತ್ತುಕೊಂಡು ಹೋಯಿತಂತೆ, ಅದಕ್ಕೆ ಅತ್ತದ್ದಂತೆ. ಈಗ ಅಳುವೂ ಇರಲಿಲ್ಲ. ಉಸಿರು ಆಳವಾಗಿ, ಬಹಳ ಬೇಗ ಬೇಗ ಬರುತ್ತಿತ್ತು. ಕಣ್ಣು ಎಲ್ಲೋ ನೋಡುತ್ತಿದ್ದವು. ಕೈ ಹಿಡಿದೆ. ಅದರ ಉಗುರು, ನನ್ನ ಉಗುರು ಎರಡೂ ಒಂದೇ ಬಣ್ಣ. ನನ್ನದು ತೊಳೆದರೆ ಹೋಗುತ್ತದೆ ಅಂದುಕೊಂಡದ್ದು ನೆನಪಿದೆ. ಅಷ್ಟರಲ್ಲಿ ಕಾರು ಬಂತು.

ಆಸ್ಪತ್ರೆಯಲ್ಲಿ ನರ್ಸಮ್ಮ ಮೊದಲು ಹಿಡಿದುಕೊಂಡದ್ದು ನನ್ನ ಕೈಯನ್ನು. ನಿಮಗೇನಾಗಿದೆ ಎಂದು ಕೇಳಿದರು. ನನಗೇನೂ ಆಗಿಲ್ಲ, ಇವಳನ್ನು ನೋಡಿ ಎಂದು ಕಿರುಚಿದೆ. ಮೂಗಿಗೆ ಆಕ್ಸಿಜನ್ ಹಿಡಿದರು, ಇಂಜೆಕ್ಷನ್ ಕೊಟ್ಟರು. ಅತ್ತೆ ಮಾತ್ರ ಹಿಡಿದ ಮೊಣಕಾಲು ಬಿಡಲಿಲ್ಲ, ಬಿಡಿ ಎಂದರೂ ಬಿಡಲಿಲ್ಲ. ಬಹಳ ಹೊತ್ತಿನ ಮೇಲೆ ಕೆಳತುಟಿಯ ಅಂಚಿನಲ್ಲಿ ಸ್ವಲ್ಪ ಕೆಂಪು ಕಂಡಿತು. ಅದು ನಿಜವೋ ನನ್ನ ಆಸೆಯೋ ತಿಳಿಯದೆ ಗಂಡನ ಮುಖ ನೋಡಿದೆ. ಅವರಿಗೂ ಕಂಡಿತ್ತು. ಆಂಬುಲೆನ್ಸಿನಲ್ಲಿ ಶಿವಮೊಗ್ಗಕ್ಕೆ, ಅಲ್ಲಿಂದ ಬೆಂಗಳೂರಿಗೆ ಹೋದೆವು. ತಿಂಗಳು ಕಾಯಲಿಲ್ಲ, ಆ ವಾರವೇ ಆಪರೇಷನ್ ಮಾಡಿದರು. ಬಾಗಿಲ ಹೊರಗೆ ಕೂತ ಆ ಹೊತ್ತನ್ನು ನಾನು ಬರೆಯಲಾರೆ. ನನ್ನ ಉಗುರಿನ ಬಣ್ಣ ಇನ್ನೂ ಪೂರ್ತಿ ಹೋಗಿರಲಿಲ್ಲ, ಅದನ್ನು ಸೆರಗಿನಲ್ಲಿ ಮುಚ್ಚಿಟ್ಟುಕೊಂಡು ಕೂತಿದ್ದೆ.

ಕೂಸು ಉಳಿಯಿತು. ಈಗ ಓಡುತ್ತಾಳೆ, ಕುಕ್ಕರುಗಾಲಿನಲ್ಲಿ ಕೂರುವುದಿಲ್ಲ. ಅತ್ತರೆ ಅಳಲಿ ಎಂದು ಬಿಡಬಹುದು, ಡಾಕ್ಟರೇ ಹೇಳಿದ್ದಾರೆ. ಆದರೆ ಹೆದರಿಕೆಗೆ ಯಾರು ಆಪರೇಷನ್ ಮಾಡುತ್ತಾರೆ? ಅವಳು ಅತ್ತರೆ ಇವತ್ತಿಗೂ ನನ್ನ ಕೈ ತಾನಾಗಿ ಅವಳ ಬೆರಳಿಗೆ ಹೋಗುತ್ತದೆ. ಅತ್ತೆಯ ಅಪ್ಪಣೆಯನ್ನು ಯಾರೂ ತೆಗೆದುಹಾಕಲಿಲ್ಲ, ತೆಗೆಯಿರಿ ಎಂದು ಕೇಳುವ ಧೈರ್ಯ ಯಾರಿಗೂ ಇರಲಿಲ್ಲ. ಮಾವನ ಪಂಚೆ ಹಳದಿಯಾಗಿಯೇ ಇತ್ತು.

ಮೊನ್ನೆ ಭಾನುವಾರ ಬಚ್ಚಲಿನ ಕಡೆಯಿಂದ ಕೂಸು, ಅಜ್ಜಿ ನೋಡು ನೋಡು ಎಂದು ಕೂಗಿತು. ಹೋಗಿ ಬಾಗಿಲಲ್ಲಿ ನಿಂತು ನೋಡಿದೆ. ಅವಳ ಎರಡೂ ಕೈ, ಬೆರಳು, ಉಗುರು ಎಲ್ಲ ನೀಲಿ. ಪಕ್ಕದಲ್ಲಿ ಮುಚ್ಚಳ ತೆಗೆದ ಹೊಸ ಸೀಸೆ ಬಿದ್ದಿತ್ತು. ಬಕೆಟ್ಟಿನಲ್ಲಿ ಮಾವನ ಪಂಚೆ ನೆನೆದಿತ್ತು. ಅತ್ತೆ ಯಾರಿಗೂ ಹೇಳದೆ ನೀಲಿ ತಂದಿದ್ದರು.

ಅತ್ತೆ ಗದರಲಿಲ್ಲ. ಕೂಸಿನ ಕೈಗಳನ್ನು ನಲ್ಲಿಯ ಕೆಳಗೆ ಹಿಡಿದು, ಒಂದೊಂದೇ ಬೆರಳನ್ನು ಸೋಪು ಹಚ್ಚಿ ತಿಕ್ಕಿದರು. ನೀರು ನೀಲಿಯಾಗಿ ಮೋರಿಗೆ ಹರಿಯಿತು. ಹೆಬ್ಬೆರಳಿನ ಉಗುರನ್ನು ಒತ್ತಿ ಬಿಟ್ಟು ನೋಡಿದರು. ಬೆಳ್ಳಗಾಗಿ, ಮತ್ತೆ ಕೆಂಪಾಯಿತು. ಇನ್ನೊಂದು ಕೈಯದೂ ನೋಡಿದರು.

"ಅಜ್ಜಿ, ಬಿಡ್ತು ಬಣ್ಣ," ಅಂದಳು ಮಗಳು, ಮೋರಿಯ ಕಡೆ ಬೆರಳು ಮಾಡಿ.

"ಅದರ ಹೆಸರು ಬಿಡ್ತು ಅಲ್ಲವ್ವ," ಅಂದರು ಅತ್ತೆ. ಆ ಕೈಗಳನ್ನು ತಮ್ಮ ಸೆರಗಿನಲ್ಲಿ ಒರೆಸುತ್ತಿದ್ದರು. "ನೀಲಿ. ಅದಕ್ಕೆ ನೀಲಿ ಅಂತಾರೆ."

ನೀಲಿ, ನೀಲಿ, ನೀಲಿ ಎಂದು ಅವಳು ಅಂಗಳದ ತುಂಬ ಕೂಗಿಕೊಂಡು ಓಡಿದಳು. ನಾನು ಬಾಗಿಲಲ್ಲಿ ನಿಂತುಕೊಂಡು, ಅವಳು ಅಂದಷ್ಟು ಸಲವೂ ಬಿಡ್ತು ಅಂದೆ.