ಒಂದು ಬಾಟಲಿ ನೀರು ಹಿಡಿದು ಮಲ್ಪೆಗೆ

ನನ್ನ ಗಂಡನಿಗೆ ಎರಡೂ ಕಿಡ್ನಿ ಕೈಕೊಟ್ಟ ಮೇಲೆ ಅತ್ತಿಗುಪ್ಪೆಯ ನಮ್ಮ ಮನೆಯಲ್ಲಿ ನೀರಿಗೆ ಕಾವಲು ಬಿತ್ತು. ಕಾವಲಿಗೆ ನಾನೇ. ಬೆಳಿಗ್ಗೆ ಒಂದು ಬಾಟಲಿ ತುಂಬಿಸಿ ಕೊಟ್ಟರೆ ಆ ದಿನದ್ದು ಮುಗಿಯಿತು. ಮಾತ್ರೆಗೂ ಅದೇ, ಬಾಯಾರಿಕೆಗೂ ಅದೇ. ಹೆಚ್ಚು ಕುಡಿದರೆ ನೀರು ಮೈಯಲ್ಲೇ ನಿಂತು ಉಸಿರು ಕಟ್ಟುತ್ತದೆ ಎಂದು ಡಾಕ್ಟರು ಹೆದರಿಸಿದ್ದರು. ಗಂಡನ ಎದುರು ನಾನೂ ಕುಡಿಯುತ್ತಿರಲಿಲ್ಲ. ಅಡುಗೆಮನೆಯಲ್ಲಿ ಗೋಡೆ ಕಡೆ ತಿರುಗಿಕೊಂಡು, ಕಳ್ಳಬೆಕ್ಕಿನ ಹಾಗೆ ಕುಡಿದು ಬಾಯಿ ಒರೆಸಿಕೊಂಡು ಬರುತ್ತಿದ್ದೆ.

ಇಂಥವರು ಒಂದು ಬೇಸಿಗೆಯಲ್ಲಿ ಸಮುದ್ರ ನೋಡಬೇಕು ಎಂದು ಹಟ ಹಿಡಿದರು. ಮದುವೆಯಾದ ಹೊಸದರಲ್ಲಿ ನಾನು ಬಾಯಿ ಬಿಟ್ಟು ಕೇಳಿದಾಗ ಅಂಗಡಿ ಬಿಟ್ಟು ಬರೋಕಾಗಲ್ಲ ಎಂದಿದ್ದ ಮಹಾನುಭಾವರು ಇವರೇ. ಚೆನ್ನಾಗಿ ಬೈದೆ. ಬೈದು, ಡಾಕ್ಟರನ್ನು ಕೇಳಿ, ಎರಡು ಡಯಾಲಿಸಿಸ್ ನಡುವಿನ ಬಿಡುವು ನೋಡಿ, ಮಲ್ಪೆಗೆ ಹೋಗಲು ಬಸ್ ಟಿಕೆಟನ್ನೂ ನಾನೇ ಮಾಡಿಸಿದೆ.

ಅಯ್ಯೋ, ಆ ದಿನ ಅವರ ಕುಣಿತ ಏನು ಹೇಳಲಿ. ಡಯಾಲಿಸಿಸ್ ಸೂಜಿ ಚುಚ್ಚುವ ಎಡಗೈ ನೆನೆಯಬಾರದೆಂದು ಪ್ಲಾಸ್ಟಿಕ್ ಕವರ್ ಸುತ್ತಿದ್ದೆ. ಆ ಕೈಯನ್ನು ಟ್ರಾಫಿಕ್ ಪೊಲೀಸಿನವರಂತೆ ಮೇಲೆತ್ತಿಕೊಂಡೇ ಅಲೆಗಳ ನಡುವೆ ಕೂತರು. ಬಿದ್ದರು, ಎದ್ದರು, ಜಾರುತ್ತಿದ್ದ ಪಂಚೆಯನ್ನು ಇನ್ನೊಂದು ಕೈಯಲ್ಲಿ ಹಿಡಿದುಕೊಂಡು ನಕ್ಕರು. ನನ್ನನ್ನೂ ಎಳೆದರು. ಸೀರೆಯೆಲ್ಲ ಒದ್ದೆ. ಅಲೆ ಬಾಯಿಗೇ ಬಡಿದು ನಾನು ಥೂ ಥೂ ಎಂದು ಉಗಿಯುತ್ತಿದ್ದರೆ ಅವರಿಗೆ ಖುಷಿಯೋ ಖುಷಿ.

"ನೋಡೇ, ಇಷ್ಟೊಂದು ನೀರಿದೆ, ಯಾರಿಗೂ ಕುಡಿಯೋಕಾಗಲ್ಲ. ಇವತ್ತು ಎಲ್ಲರೂ ನನ್ನ ಪಾರ್ಟಿನೇ ಕಣೇ."

ಮಧ್ಯಾಹ್ನಕ್ಕೇ ಅವರ ಬಾಟಲಿ ಖಾಲಿ. ಬಿಸಿಲು ನೆತ್ತಿ ಸುಡುತ್ತಿತ್ತು. ನನ್ನ ಬಾಟಲಿಯಿಂದ ಒಂದು ಗುಟುಕು ಕೇಳಿದರು. ಆಗಲ್ಲ ಎಂದೆ. ಮತ್ತೆ ಕೇಳಲಿಲ್ಲ. ಮರೆಯಾಗಿ ಕುಡಿಯಲು ಅಲ್ಲಿ ಗೋಡೆ ಎಲ್ಲಿಂದ ಬರಬೇಕು, ನಾನೂ ನಾಲಿಗೆ ಒಣಗಿಸಿಕೊಂಡು ಕೂತೆ. ಅವರಿಗೆ ಗೊತ್ತಾಯಿತು. ಬಾಟಲಿಯ ಮುಚ್ಚಳ ತಾವೇ ತೆಗೆದು ನನ್ನ ಕೈಗಿಟ್ಟರು.

"ಕುಡಿಯೇ. ನೀನು ನೀರು ಕುಡಿಯೋದು ನೋಡಿ ಎಷ್ಟು ದಿನ ಆಯ್ತು."

ಕುಡಿದೆ. ನಾನು ನುಂಗಿದಾಗಲೆಲ್ಲ ಅವರ ಗಂಟಲೂ ಆಡುತ್ತಿತ್ತು. ಹಾಳು ನೀರು, ಅರ್ಧಕ್ಕೇ ಮುಚ್ಚಳ ಹಾಕಿಬಿಟ್ಟೆ.

ಆ ವರ್ಷದ ಮಳೆಗಾಲ ಮುಗಿಯುವುದರೊಳಗೆ ಅವರು ಹೋಗಿಬಿಟ್ಟರು. ನಿದ್ದೆಯಲ್ಲೇ ಹೃದಯ ನಿಂತಿತ್ತು. ಹನಿ ಹನಿಗೂ ಕಾವಲು ಕಾದಿದ್ದೆನಲ್ಲ, ಯಾವ ದೇವರು ಕಣ್ಣು ಬಿಟ್ಟ?

ಮಣ್ಣು ಮಾಡಿದ ಮೂರನೇ ದಿನ ಹಾಲು-ತುಪ್ಪಕ್ಕೆ ಹೋದೆವು. ನಮ್ಮಲ್ಲಿ ಬಂದವರೆಲ್ಲ ಸಮಾಧಿಯ ತಲೆಯ ಕಡೆ ಒಂದಿಷ್ಟು ಹಾಲು, ತುಪ್ಪ, ಎಳನೀರು ಬಿಡುತ್ತಾರೆ, ಕೊನೆಗೆ ನೀರು. ಒಬ್ಬರಾದ ಮೇಲೆ ಒಬ್ಬರು ಬಿಟ್ಟರು. ನಾನು ನೋಡುತ್ತಲೇ ಇದ್ದೆ. ಮೈದುನ ಚೊಂಬಿನ ತುಂಬ ನೀರು ತಂದು ಬಗ್ಗಿಸಿದಾಗ ತಡೆಯಲಾಗಲಿಲ್ಲ, ಅವನ ಕೈ ಹಿಡಿದುಬಿಟ್ಟೆ.

"ಸಾಕು ಬಿಡಪ್ಪ. ಅವರ ಇವತ್ತಿನ ನೀರು ಆಗೋಯ್ತು."

ಮೈದುನ ಅಳುತ್ತಾ ಚೊಂಬನ್ನು ನನ್ನ ಕೈಗೇ ಕೊಟ್ಟ.

"ಅಣ್ಣ ಇನ್ನು ಎಷ್ಟು ಬೇಕಾದ್ರೂ ಕುಡೀಬಹುದು, ಅತ್ತಿಗೆ."