ಉಬ್ಬುಗಲ್ಲಿನ ರಾಜ್ಯ

ಚಿನ್ನು, ಪುಟ್ಟ, ನೀವಿಬ್ಬರು ಕಟ್ಟಿದ ರಾಜ್ಯದ ಸಂಗತಿ ನಿಮಗೇ ಮರೆತುಹೋಗುವ ಮೊದಲು ಬರೆದಿಡುತ್ತಿದ್ದೇನೆ. ಆಗ ನೀವು ನನ್ನ ಭುಜಕ್ಕೂ ಬರುತ್ತಿರಲಿಲ್ಲ. ಈಗ ಇಬ್ಬರೂ ಬಗ್ಗಿ ನನ್ನನ್ನು ಅಪ್ಪಿಕೊಳ್ಳುತ್ತೀರಿ.

ಅದು ಕರೋನಾ ಶುರುವಾದ ವರ್ಷ. ಪರದೇಶದ ಡೆಲ್ ಮಾರ್ ಎಂಬ ಊರಿನಲ್ಲಿ, ನನ್ನ ಮಗಳ ಮನೆಯಲ್ಲಿ, ಚಿನ್ನುವಿನ ತಮ್ಮ ಹುಟ್ಟಿದ್ದ. ಮಗಳ ಬಾಣಂತನಕ್ಕೆಂದು ನಾನು ವಿಮಾನಗಳು ನಿಲ್ಲುವ ಮೊದಲೇ ಬಂದಿದ್ದೆ. ಬಾಣಂತಿಗೆ ಅಂಟಿನ ಉಂಡಿ ಕಟ್ಟಲು ಊರಿನಿಂದ ಒಂದು ಸ್ಟೀಲ್ ಡಬ್ಬಿ ತುಂಬ ಅಂಟು ತಂದಿದ್ದೆ. ಮರದಿಂದ ಒಸರಿ ಒಣಗಿದ ಅಂಟು ಜೇನಿನ ಬಣ್ಣದ ಹರಳಿನಂತಿರುತ್ತದೆ. ಬಿಸಿ ತುಪ್ಪಕ್ಕೆ ಬಿದ್ದರೆ ಅರಳಿ, ಉಬ್ಬಿ ಬೆಳ್ಳಗಾಗುತ್ತದೆ. ಚಿನ್ನು, ನೀನು ಸ್ಟೂಲಿನ ಮೇಲೆ ನಿಂತು ಅದನ್ನು ನೋಡಿದೆ. ಮರುದಿನ ಡಬ್ಬಿಯಲ್ಲಿದ್ದ ದೊಡ್ಡ ಹರಳುಗಳೆಲ್ಲ ನಿನ್ನ ಪೆನ್ಸಿಲ್ ಬಾಕ್ಸಿನಲ್ಲಿದ್ದವು.

ಪುಟ್ಟ, ನೀನು ನನ್ನ ಮಗನ ಮನೆಯಲ್ಲಿ, ವಾಲ್‌ನಟ್ ಎಂಬ ಊರಿನಲ್ಲಿದ್ದೆ. ನಡುವೆ ಎರಡು ಗಂಟೆಯ ದಾರಿ ಇದ್ದರೂ ಮನೆಯಲ್ಲಿ ಕೂಸು ಇದೆಯೆಂದು ಯಾರೂ ಬರುವಂತಿರಲಿಲ್ಲ. ಭಾನುವಾರದ ವಿಡಿಯೊ ಕಾಲ್ ಒಂದೇ ಗತಿ. ಆ ಕಾಲ್‌ನಲ್ಲೇ ನಿಮ್ಮ ರಾಜ್ಯ ಹುಟ್ಟಿತು. ಚಿನ್ನು ಫೋನಿನೆದುರು ಹಿಡಿದ ಹರಳಿಗೆ ಕನ್ನಡದ ಹೊಸ ಹೆಸರು ಬೇಕೆಂದು ಕೇಳಿದಿರಿ, ನಾನು ಉಬ್ಬುಗಲ್ಲು ಎಂದೆ.

ಅದರಿಂದ ಏನೇನು ಮಾಡಿದಿರಿ! ಬಿಸಿನೀರಿನ ಬುಗ್ಗೆಗೆ ಒಂದು ಕಲ್ಲು ಎಸೆದರೆ ಮನೆಯಷ್ಟು ಉಬ್ಬುತ್ತಿತ್ತು. ಜನ ಅದರಲ್ಲಿ ಬಾಗಿಲು ಕೊರೆದು ವಾಸಿಸುತ್ತಿದ್ದರು, ಮನೆ ಹಳತಾದರೆ ಬೆಲ್ಲ ಹಚ್ಚಿ ತಿಂದುಬಿಡುತ್ತಿದ್ದರು. ಕಲ್ಲಿನ ಪುಡಿಯನ್ನು ಚಪ್ಪಲಿಗೆ ಸವರಿದರೆ ಗೋಡೆ ಹತ್ತಬಹುದಿತ್ತು. ಹಕ್ಕಿಗಳ ಮುರಿದ ರೆಕ್ಕೆ ಕೂಡಿಸಲೂ ಅದೇ. ಹಲ್ಲಿಲ್ಲದ ಒಬ್ಬ ಮುದುಕಿ ಉಬ್ಬಿದ ಕಲ್ಲಿನ ಮೇಲೆ ಕೂತು ಆಕಾಶದಲ್ಲಿ ತಿರುಗುತ್ತಿದ್ದಳು. ಅವಳು ಯಾರೆಂದು ನಾನು ಕೇಳಲಿಲ್ಲ.

ಆಮೇಲೆ ರಾಜ್ಯ ಎರಡಾಯಿತು. ಪುಟ್ಟ ಉಬ್ಬುಗಲ್ಲಿನ ಸೈನ್ಯ ಮಾಡಿದ. ಚಿನ್ನು ಯಾರೂ ದಾಟಲಾಗದ ಉಬ್ಬುಗಲ್ಲಿನ ಗೋಡೆ ಎಬ್ಬಿಸಿದಳು. ನನ್ನ ಸೈನ್ಯ ಯಾವ ಗೋಡೆಯನ್ನೂ ಒಡೆಯುತ್ತದೆ ಎಂದು ಒಬ್ಬ, ನನ್ನ ಗೋಡೆ ಯಾರು ಬಂದರೂ ಒಡೆಯುವುದಿಲ್ಲ ಎಂದು ಇನ್ನೊಬ್ಬಳು. ಚೀಟರ್ ಎಂಬ ಮಾತು ಬಂತು. ಕಾಲ್ ಕಟ್ಟಾಯಿತು.

ಮುಂದಿನ ಭಾನುವಾರ ನೀವು ಮಾತಾಡಲಿಲ್ಲ. ಅದರ ಮುಂದಿನ ಭಾನುವಾರವೂ ಇಲ್ಲ. ಮಕ್ಕಳ ಜಗಳ, ತಾನೇ ಸರಿಹೋಗುತ್ತದೆ ಎಂದು ಮಗಳು ಹೇಳಿದಳು. ಆದರೆ ಅಂಟಿನ ಡಬ್ಬಿ ತೆರೆದರೆ ದೊಡ್ಡ ಹರಳುಗಳೆಲ್ಲ ವಾಪಸು ಬಂದು ಮೇಲೆಯೇ ಕೂತಿದ್ದವು. ಚಿನ್ನು, ಅವನ್ನು ಕಂಡು ನನಗೆ ಹೆದರಿಕೆಯಾಯಿತು. ಒಂದೇ ದೇಶದಲ್ಲಿದ್ದೂ ನೀವು ಒಬ್ಬರಿಗೊಬ್ಬರು ಬೇರೆಯವರಾಗಿಬಿಟ್ಟರೆ ಹೇಗೆ ಎಂದು.

ನಿಮಗೆ ಗೊತ್ತು, ನಾನು ಆ ಕಾಲ್‌ನಲ್ಲಿ ಹೆಚ್ಚು ಮಾತಾಡುವವಳಲ್ಲ. ನಿಮ್ಮ ಅಜ್ಜ ಇದ್ದಾಗ ಫೋನಿನ ಮಾತೆಲ್ಲ ಅವರದೇ. ಅವರು ಹೋದ ಮೇಲೆ ನಾನು ಆರಾಮ ಎಂದು ಹೇಳಿ ಪಕ್ಕಕ್ಕೆ ಸರಿಯುತ್ತಿದ್ದೆ. ಮೂರನೆಯ ಭಾನುವಾರ ಫೋನನ್ನು ಒಲೆಯ ಪಕ್ಕ ಸಕ್ಕರೆ ಡಬ್ಬಿಗೆ ಆನಿಸಿ ನಿಲ್ಲಿಸು ಎಂದು ಮಗಳಿಗೆ ಹೇಳಿದೆ. ಪುಟ್ಟನನ್ನೇ ಕರೆ ಎಂದೆ. ಫೋನಿನಲ್ಲಿ ಬರೀ ನನ್ನ ಮುಖ ಕಂಡು ಅವನು ಗಾಬರಿಯಾದ.

"ಅಜ್ಜಿ, ಯು ಓಕೆ?"

"ನನಗೇನಾಗೇತಿ? ಬಾಣಲಿ ನೋಡು."

ತುಪ್ಪ ಹೊಗೆಯಾಡುವಷ್ಟು ಕಾಯಿಸಿ ಒಂದು ಹರಳು ಹಾಕಿದೆ. ದಬಕ್ಕನೆ ಉಬ್ಬಿ ಕೆಂಪಗಾಯಿತು. ಸ್ಟೀಲ್ ಲೋಟದ ತಳದಿಂದ ಅದನ್ನು ಒತ್ತಲು ಚಿನ್ನುವಿಗೆ ಹೇಳಿದೆ. ಮೇಲಿನದು ಪುಡಿಯಾಯಿತು, ನಡುವಿನದು ಕಟಕ್ ಎಂದಿತು.

"ಒಳಗ ಇನ್ನೂ ಕಲ್ಲು, ಕಡದ್ರ ಹಲ್ಲಿಗೆ ಅಂಟತೈತಿ," ಎಂದೆ. "ಉರಿ ಜೋರಾದರ ಹಿಂಗ. ನಿನ್ನ ಸೈನ್ಯಾನೂ ಹಿಂಗ, ಈಕಿ ಗ್ವಾಡಿನೂ ಹಿಂಗ. ಅವಸರದಾಗ ಉಬ್ಬಿಸೀರಿ."

ಪುಟ್ಟ ಫೋನಿಗೆ ಮುಖ ಹತ್ತಿರ ತಂದು ಕೇಳಿದ, "ಹಾಗಾದ್ರೆ ನನ್ನ ಸೋಲ್ಜರ್ಸ್ ಹಲ್ಲಿಗೆ ಅಂಟ್ಕೋತಾರಾ?"

ಚಿನ್ನು ನಗು ತಡೆಯಲು ಲೋಟ ಬಾಯಿಗೆ ಹಿಡಿದಳು.

ಎರಡನೆಯ ಹರಳಿಗೆ ಉರಿ ಇಳಿಸಿದೆ. ನಮ್ಮ ಊರಲ್ಲಿ ಅಂಟು ಹುರಿಯಲು ಇಬ್ಬರು ಕೂರುತ್ತಾರೆ, ಒಬ್ಬಳ ಕೈ ಸೌಟಿನ ಮೇಲೆ, ಇನ್ನೊಬ್ಬಳ ಕಣ್ಣು ಉರಿಯ ಮೇಲೆ. ಅದನ್ನು ಹೇಳಿ, ಸೌಟನ್ನು ಚಿನ್ನುವಿಗೆ ಕೊಟ್ಟು, ಉರಿ ನೋಡುವುದನ್ನು ಫೋನಿನಲ್ಲಿದ್ದ ಪುಟ್ಟನಿಗೆ ಬಿಟ್ಟೆ. ಅವನು ವಾಲ್‌ನಟ್‌ನಿಂದ "ಲೋ, ಲೋ, ಇನ್ನೂ ಲೋ" ಎನ್ನುತ್ತಿದ್ದ, ನಾನು ಗುಂಡಿ ತಿರುಗಿಸುತ್ತಿದ್ದೆ. ಹರಳು ನಿಧಾನವಾಗಿ ಅರಳಿತು. ಒತ್ತಿದರೆ ಪೂರ್ತಿ ಹಿಟ್ಟು.

ಅವತ್ತೇ ಕಾಯಿದೆ ಬದಲಾಯಿತು. ಕಲ್ಲಿನ ಗಣಿ ಚಿನ್ನುವಿನ ರಾಜ್ಯದಲ್ಲಿ, ಹದವಾದ ಬೆಂಕಿ ಪುಟ್ಟನ ರಾಜ್ಯದಲ್ಲಿ. ಒಬ್ಬರನ್ನು ಬಿಟ್ಟು ಇನ್ನೊಬ್ಬರು ಒಂದು ಗುಡಿಸಲನ್ನೂ ಉಬ್ಬಿಸುವಂತಿಲ್ಲ. ಗೋಡೆಯನ್ನು ಇಬ್ಬರೂ ಸೇರಿ ಬೆಲ್ಲ ಹಚ್ಚಿ ತಿಂದಿರಿ. ಸೈನಿಕರಿಗೆ ಏನಾಯಿತೆಂದರೆ, ಹಲ್ಲಿಲ್ಲದ ಮುದುಕಿ ಅವರನ್ನು ಚೀಪಿ ಮುಗಿಸಿದಳು. ಅದನ್ನು ಸೇರಿಸಿದವಳು ನಾನೇ. ಫೋನಿನಲ್ಲಿ ನಾನು ಹೇಳಿದ ಮೊದಲ ಕಥೆ ಅದು.

ಲಸಿಕೆ ಬಂದ ಮೇಲೆ ಪುಟ್ಟ ಡೆಲ್ ಮಾರ್‌ಗೆ ಬಂದಾಗ ಶೂ ಬಿಚ್ಚದೆ ಒಲೆಯ ಹತ್ತಿರ ಓಡಿ ಉರಿ ಇಳಿಸಿದ. ಒಲೆಯ ಮೇಲಿದ್ದದ್ದು ಬರೀ ಚಹಾ.

ಡಬ್ಬಿಯಲ್ಲಿ ಇನ್ನೂ ನಾಲ್ಕಾರು ದೊಡ್ಡ ಹರಳುಗಳಿವೆ, ಹುರಿಯದೆ ಉಳಿಸಿದ್ದೇನೆ. ಈ ಹಾಳೆಗಳನ್ನು ಮಡಚಿ ಅವುಗಳ ಜೊತೆಗೇ ಇಡುತ್ತೇನೆ. ಡಬ್ಬಿ ಆರು ತಿಂಗಳು ಚಿನ್ನುವಿನ ಮನೆಯಲ್ಲಿ, ಆರು ತಿಂಗಳು ಪುಟ್ಟನ ಮನೆಯಲ್ಲಿ ಇರಲಿ. ಒಯ್ದು ಕೊಡಲು ನೀವೇ ಹೋಗಬೇಕು, ಪೋಸ್ಟಿನಲ್ಲಿ ಕಳಿಸುವಂತಿಲ್ಲ. ಮುಚ್ಚಳ ಗಟ್ಟಿಯಾಗಿ ಹಾಕಿ, ಅಂಟಿಗೆ ತೇವ ತಾಗಬಾರದು, ಹಾಳೆಗೂ.