ಗೊತ್ತಿಲ್ಲದವನಿಗೆ ಕೊಟ್ಟ ಜಾಮೀನು

ಅದು 2003ನೇ ಇಸವಿಯ ಮೇ ತಿಂಗಳು. ಕಾಪುವಿನ ನಮ್ಮ ಮನೆ, ಗದ್ದೆ ಎಲ್ಲ ಅಮ್ಮನ ಕಡೆಯಿಂದ ನನ್ನ ಹೆಸರಿಗೆ ಬಂದದ್ದು. ನಮ್ಮಲ್ಲಿ ಆಸ್ತಿ ಹೆಣ್ಣುಮಕ್ಕಳ ಹೆಸರಿನಲ್ಲಿರುವುದು ಹೊಸತಲ್ಲ, ಯಜಮಾನಿಕೆ ಮಾತ್ರ ಅಣ್ಣಂದಿರದ್ದು. ಊರಲ್ಲಿ ಯಾರಿಗಾದರೂ ಕೋರ್ಟಿನಲ್ಲಿ ಜಾಮೀನು ಬೇಕಾದರೆ ಅವರು ಅಣ್ಣನನ್ನು ಹಿಡಿಯುತ್ತಿದ್ದರು, ಅಣ್ಣ ನನ್ನನ್ನು ಹಿಡಿಯುತ್ತಿದ್ದ. ಅದಕ್ಕೆ ಮೊದಲು ಎರಡು ಸಲ ಜಮೀನಿನ ಆರ್‌ಟಿಸಿ ಹಿಡಿದುಕೊಂಡು ಹೋಗಿ ಸಹಿ ಹಾಕಿ ಬಂದಿದ್ದೆ. ಅದರಲ್ಲಿ ನನಗೆ ಸ್ವಲ್ಪ ಜಂಬವೂ ಇತ್ತು, ಸುಳ್ಳೇಕೆ ಹೇಳಲಿ.

ಆ ಸಲ ಅಣ್ಣನ ಕಾರ್ಕಳದ ಸ್ನೇಹಿತರ ಅಳಿಯನಿಗೆ ಜಾಮೀನು ಬೇಕಿತ್ತು. ಕಟ್ಟಡದ ಕೆಲಸ ನೋಡಿಕೊಳ್ಳುವ ಸೂಪರ್‌ವೈಸರ್ ಅಂತೆ. ಕೆಲಸದವರ ಜೊತೆ ಏನೋ ಹೊಡೆದಾಟ ಮಾಡಿಕೊಂಡಿರಬೇಕೆಂದು ನಾನೇ ಅಂದುಕೊಂಡೆ. “ಎಂತ ಇಲ್ಲ ಮಾರಾಯ್ತಿ, ಒಂದು ಸೈನ್ ಅಷ್ಟೆ” ಎಂದ ಅಣ್ಣ.

ಉಡುಪಿಯ ಕೋರ್ಟಿನ ವರಾಂಡದಲ್ಲಿ ವಕೀಲರ ಗುಮಾಸ್ತ ನನಗೆ ಪಾಠ ಹೇಳಿಕೊಟ್ಟ. ಆರೋಪಿಯ ಪರಿಚಯ ಇದೆಯೇ ಎಂದು ಜಡ್ಜ್ ಕೇಳುತ್ತಾರೆ, ಗೊತ್ತುಂಟು ಎನ್ನಬೇಕು, ಅಷ್ಟೇ. ಜಡ್ಜ್ ಕೇಳಿದರು. “ಗೊತ್ತುಂಟು ಸಾರ್” ಎಂದೆ. ಆ ಮನುಷ್ಯನ ಮುಖವನ್ನೇ ನಾನು ನೋಡಿರಲಿಲ್ಲ, ಅವನಿನ್ನೂ ಜೈಲಿನಲ್ಲಿದ್ದ. ಸಹಿ ಹಾಕಿ, ಹೋಟೆಲಿನಲ್ಲಿ ಗೋಳಿಬಜೆ ತಿಂದು ಅಣ್ಣನ ಜೊತೆ ಮನೆಗೆ ಬಂದೆ.

ನಮ್ಮ ಮನೆಯ ಹಿಂದೆ ಸಾಲು ಕೋಣೆಗಳಲ್ಲಿ ಬಾಗಲಕೋಟೆ ಕಡೆಯಿಂದ ಕೂಲಿಗೆ ಬಂದವರಿದ್ದರು. ಅವರಲ್ಲೊಬ್ಬಳು ದಿನಾ ನಮ್ಮ ಬಾವಿಯಿಂದ ನೀರು ಒಯ್ಯುತ್ತಿದ್ದಳು. ಅವಳ ಮಗಳಿಗೆ ಎಂಟು ವರ್ಷ. ಅಮ್ಮನ ಸೆರಗು ಹಿಡಿದುಕೊಂಡು ಬಂದು, ನನ್ನ ತುಳು ಕೇಳಿ ಕಿಲಕಿಲ ನಗುವ ಹುಡುಗಿ. ಹೆಸರು ಬರೆಯುವುದಿಲ್ಲ. ಆ ಬೇಸಿಗೆಯಲ್ಲಿ ಮಗು ಕಾಣಿಸಲೇ ಇಲ್ಲ. ಕೇಳಿದರೆ ತಾಯಿ ಜ್ವರ ಎನ್ನುತ್ತಿದ್ದಳು.

ಜೂನ್‌ನಲ್ಲಿ ಶಾಲೆ ಶುರುವಾದರೂ ಹುಡುಗಿ ಹೊರಗೆ ಬರಲಿಲ್ಲ. ಮಗುವನ್ನು ಶಾಲೆಗೆ ಕಳಿಸದೆ ಮನೆಯಲ್ಲಿ ಕೂರಿಸಿಕೊಂಡಿದ್ದೀಯಲ್ಲ ಎಂದು ಒಂದು ಬೆಳಗ್ಗೆ ಬಾವಿಕಟ್ಟೆಯಲ್ಲಿ ಆ ತಾಯಿಯನ್ನು ಗದರಿಸಿದೆ. ಅವಳು ಕೊಡ ಕೆಳಗಿಟ್ಟಳು.

“ಜ್ವರ ಇಲ್ರಿ ಅಕ್ಕಾರ. ನನ್ನ ಗಂಡನ ಸೂಪರ್‌ವೈಸರ ಅದಾನಲ್ರಿ, ಅವ ನನ್ನ ಮಗಳನ್ನ ಕೆಡಿಸಾಕ ನೋಡಿದ್ದ. ಪೊಲೀಸರು ಹಿಡದಿದ್ರು. ಈಗ ಯಾರೋ ದೊಡ್ಡೋರು ಜಾಮೀನು ಕೊಟ್ಟು ಬಿಡಿಸ್ಯಾರಂತ. ದಿನಾ ಬಸ್ ಸ್ಟ್ಯಾಂಡಿನ್ಯಾಗ ನಿಂತಿರ್ತಾನ. ಹೊರಗ ಬರಾಕ ವಲ್ಲೆ ಅಂತಾಳ.”

ಎಲ್ಲಿಯವನು ಎಂದು ಕೇಳಿದೆ. ಕಾರ್ಕಳದವನು ಎಂದಳು, ಹೆಸರೂ ಹೇಳಿದಳು. ನಾನು ಸಹಿ ಹಾಕಿದ ಕಾಗದದಲ್ಲಿದ್ದ ಹೆಸರೇ ಅದು. ಒಳಗೆ ಹೋಗಿ ಬಾಗಿಲು ಹಾಕಿಕೊಂಡೆ.

ಅಣ್ಣನಿಗೆ ಎಲ್ಲ ಗೊತ್ತಿತ್ತು. “ಹೇಳಿದ್ದರೆ ನೀನು ಬರುತ್ತಿದ್ದೆಯಾ?” ಎಂದ. ನಾನು ಹಿಂದೆ ಸರಿದರೆ ಸ್ನೇಹಿತರಿಗೆ ಮುಖ ತೋರಿಸುವುದು ಹೇಗೆ ಎನ್ನುವುದು ಅವನ ಚಿಂತೆ. ಆರ್‌ಟಿಸಿ ನನ್ನ ಹೆಸರಿನಲ್ಲಿದೆ, ಇನ್ನು ಮಾತೂ ನನ್ನದೇ ಎಂದು ಹೇಳಿ ಮರುದಿನ ಒಬ್ಬಳೇ ಉಡುಪಿಯ ಬಸ್ಸು ಹತ್ತಿದೆ.

ಪರಿಚಯದ ವಕೀಲೆಯೊಬ್ಬರು ದಾರಿ ತೋರಿಸಿದರು. ಜಾಮೀನು ನಿಂತವರು ತಮ್ಮನ್ನು ಬಿಡುಗಡೆ ಮಾಡಿರೆಂದು ಕೋರ್ಟನ್ನು ಕೇಳಬಹುದು. ಆದರೆ ಅವನು ಜಾಮೀನಿಗೆ ಇನ್ನೊಬ್ಬರನ್ನು ಕರೆತಂದರೆ ಹೊರಗೇ ಉಳಿಯುತ್ತಾನೆ. ಮಗುವಿನ ಮನೆಯವರ ಹತ್ತಿರ ಸುಳಿಯಬಾರದೆಂದು ಕೋರ್ಟೇ ಷರತ್ತು ಹಾಕಿತ್ತು, ದಿನಾ ಬಸ್ ಸ್ಟ್ಯಾಂಡಿನಲ್ಲಿ ನಿಂತು ಅವನು ಅದನ್ನು ಮುರಿದಿದ್ದಾನೆ. ಅದನ್ನು ಸರಕಾರಿ ವಕೀಲರ ಮೂಲಕ ತಿಳಿಸಿದರೆ ಜಾಮೀನೇ ರದ್ದಾಗಬಹುದು. ತಾಯಿ ಬಂದು ಹೇಳಿದರೆ ಸಾಕು, ಮಗು ಬರಬೇಕಾಗಿಲ್ಲ.

ಹಾಗಾದರೆ ತಾಯಿಗೆ ನಿಜ ಹೇಳಲೇಬೇಕು. ಆ ಸಂಜೆ ಅವರ ಕೋಣೆಯ ಬಾಗಿಲಲ್ಲಿ ನಿಂತು, ಆ ದೊಡ್ಡವರು ನಾನೇ ಎಂದೆ. ಒಳಗೆ ಗೋಡೆಯ ಮೂಲೆಯಲ್ಲಿ ಮಗು ಮುದುಡಿ ಕೂತಿತ್ತು. ತಾಯಿ ಬೈಯಲಿಲ್ಲ, ಅಳಲೂ ಇಲ್ಲ.

“ಎಂಥಾ ಕೇಸಂತ ಒಂದ ಮಾತು ಕೇಳಬೇಕಿತ್ರಿ” ಎಂದಳು.

ಆದರೂ ಕೋರ್ಟಿಗೆ ಬಂದಳು. ಬಸ್ಸಿನಲ್ಲಿ ನನ್ನ ಪಕ್ಕದ ಸೀಟು ಖಾಲಿಯಿದ್ದರೂ ಉಡುಪಿಯವರೆಗೆ ನಿಂತೇ ಬಂದಳು. ಜಡ್ಜ್ ನನ್ನ ಅರ್ಜಿ ನೋಡಿ, ಆವತ್ತು ಆರೋಪಿಯ ಪರಿಚಯ ಇದೆ ಎಂದಿದ್ದಿರಲ್ಲ ಎಂದು ಕೇಳಿದರು.

“ಗೊತ್ತಿಲ್ಲ ಸಾರ್. ಆವತ್ತೂ ಗೊತ್ತಿರಲಿಲ್ಲ” ಎಂದೆ.

ತುಂಬಿದ ಕೋರ್ಟಿನಲ್ಲಿ ಅವರು ನನ್ನನ್ನು ಚೆನ್ನಾಗಿ ತರಾಟೆಗೆ ತೆಗೆದುಕೊಂಡರು. ತಲೆ ತಗ್ಗಿಸಿ ಕೇಳಿಸಿಕೊಂಡೆ. ಆಮೇಲೆ ತಾಯಿಯ ಮಾತು ಕೇಳಿದರು. ಕೆಲವು ದಿನಗಳಲ್ಲಿ ಅವನ ಜಾಮೀನು ರದ್ದಾಗಿ ಪೊಲೀಸರು ಅವನನ್ನು ಮತ್ತೆ ಜೈಲಿಗೆ ಒಯ್ದರು. ಅಣ್ಣ ಒಂದು ವರ್ಷ ನನ್ನ ಜೊತೆ ಮಾತು ಬಿಟ್ಟ. ಅದರಿಂದ ನನಗೇನೂ ಬೇಸರವಾಗಲಿಲ್ಲ.

ಹುಡುಗಿ ಶಾಲೆಗೆ ಹೋಗತೊಡಗಿದಳು. ತಾಯಿ ಮಾತ್ರ ನಮ್ಮ ಬಾವಿಗೆ ಬರಲಿಲ್ಲ, ದೂರದ ಪಂಚಾಯತಿ ನಳ್ಳಿಯಿಂದ ನೀರು ತರುತ್ತಿದ್ದಳು. ದಿನಾ ಬೆಳಗ್ಗೆ ಚೀಲ ಹಾಕಿಕೊಂಡು ಹೋಗುವ ಮಗುವನ್ನು ನಾನು ಅಂಗಳದಲ್ಲಿ ನಿಂತು ನೋಡುತ್ತಿದ್ದೆ. ಬಸ್ ಸ್ಟ್ಯಾಂಡ್ ಕಾಣುವ ತಿರುವಿನಲ್ಲಿ ಅವಳು ನಿಂತು, ಕತ್ತು ಚಾಚಿ ಆಚೆ ನೋಡಿ, ಆಮೇಲೆ ಮುಂದೆ ಹೋಗುತ್ತಿದ್ದಳು. ಅವನು ಜೈಲಿನಲ್ಲಿದ್ದಾನೆಂದು ಅವಳಿಗೆ ಹೇಳಿದ್ದರಂತೆ. ಆದರೂ ಮುಂದಿನ ವರ್ಷ ಅವರು ಊರು ಬಿಡುವವರೆಗೆ ಒಂದು ದಿನವೂ ನಿಂತು ನೋಡದೆ ಆ ತಿರುವು ದಾಟಲಿಲ್ಲ. ಜೈಲಿಗೆ ಹೋದವನು ಹೊರಗೆ ಬಂದು ನಿಲ್ಲಬಹುದೆಂದು ಅವಳಿಗೆ ಕಲಿಸಿದವಳು ನಾನು.